ಕೊಯಮತ್ತೂರು–ತಿರುಪ್ಪೂರು ಸೀಮೆಯ ಬೇಳೆಕಾಳು ಬೇಸಾಯ: ಇಳಿದದ್ದೇಕೆ, ಏರಿಸುವುದು ಹೇಗೆ?

ಐದು ಜನರ ಸಂಸಾರವೊಂದಕ್ಕೆ ವರ್ಷಕ್ಕೆ ಎಷ್ಟು ಬೇಳೆಕಾಳು ಬೇಕು? ಲೆಕ್ಕ ಹಾಕಿ ನೋಡೋಣ. 1951ರಲ್ಲಿ ನಮ್ಮ ದೇಶದಲ್ಲಿ ತಲೆಗೆ ದಿನಕ್ಕೆ 60.7 ಗ್ರಾಂ ಬೇಳೆಕಾಳು ದೊರೆಯುತ್ತಿತ್ತು. ಈ ಪ್ರಕಾರ ಐವರಿಗೆ ವರ್ಷಕ್ಕೆ ಸುಮಾರು 110 ಕಿಲೋ ಆಯಿತು. 2001ರ ಹೊತ್ತಿಗೆ ತಲೆಗೆ ದೊರೆಯುವ ಕಾಳು ದಿನಕ್ಕೆ 30 ಗ್ರಾಮಿಗೆ ಇಳಿಯಿತು. ಅದೇ ಐವರ ಪಾಲಿಗೆ ವರ್ಷಕ್ಕೆ 55 ಕಿಲೋ ಕೂಡ ಪೂರ್ತಿ ಬರಲಿಲ್ಲ. ಅಂದರೆ ಐವತ್ತು ವರ್ಷಗಳಲ್ಲಿ ಮನೆಯ ಕಾಳಿನ ಮೂಟೆಯಲ್ಲಿ ಅರ್ಧ ಬರಿದಾಯಿತು. ಸಾರು ತೆಳ್ಳಗಾಯಿತು, ಮಕ್ಕಳ ತಟ್ಟೆಯಲ್ಲಿ ಅನ್ನ ಉಳಿದು ಬೇಳೆ ಕಡಮೆಯಾಯಿತು. ಮಾಂಸ, ಹಾಲು, ಮೊಟ್ಟೆ ದಿನವೂ ಕೊಳ್ಳಲಾರದ ಮನೆಗೆ ಮೈ ಬೆಳೆಸುವ ಸತ್ವ ಬರುವುದು ಈ ಕಾಳಿನಿಂದಲೇ. ಆದಕಾರಣ ಈ ವಾರದ ಪುಟದಲ್ಲಿ ನಾವು ಬೇಳೆಕಾಳು ಬೇಸಾಯದ ಏರಿಳಿತವನ್ನೂ, ಕೊಯಮತ್ತೂರು ಮತ್ತು ತಿರುಪ್ಪೂರು ಜಿಲ್ಲೆಗಳ ನಮ್ಮ ಕನ್ನಡ ರೈತ ಬಾಂಧವರು ಅದರಿಂದ ಕಲಿಯತಕ್ಕ ಪಾಠವನ್ನೂ ವಿವರಿಸುತ್ತೇವೆ.

ಹೆಸರುಗಳನ್ನು ಮೊದಲು ತಿಳಿಯೋಣ

ನಮ್ಮವರಿಗೆ ಮನೆಯಲ್ಲಿ ಕನ್ನಡ, ಸಂತೆಯಲ್ಲಿ ತಮಿಳು. ವ್ಯವಸಾಯ ಇಲಾಖೆಯ ಕರಪತ್ರಗಳೂ ಬೀಜದ ಚೀಲದ ಮೇಲಿನ ಬರಹವೂ ತಮಿಳಿನಲ್ಲೇ ಇರುತ್ತವೆ. ಹೆಸರು ತಪ್ಪಿದರೆ ಬೀಜ ತಪ್ಪುತ್ತದೆ. ನಮ್ಮ ಹುರುಳಿಗೆ ಅಲ್ಲಿ ಕೊಳ್ಳು ಎನ್ನುತ್ತಾರೆ. ಅಲಸಂದೆಗೆ ತಟ್ಟಪ್ಪಯರು, ಹೆಸರುಕಾಳಿಗೆ ಪಾಸಿಪ್ಪಯರು ಅಥವಾ ಪಚ್ಚೈಪ್ಪಯರು, ಉದ್ದಿಗೆ ಉಳುಂದು, ತೊಗರಿಗೆ ತುವರೈ, ಅವರೆಕಾಳಿಗೆ ಮೊಚ್ಚೈ, ಕಡಲೆಗೆ ಕೊಂಡೈಕ್ಕಡಲೈ ಎಂದು ಹೆಸರು. ನೆಲಗಡಲೆ ಎಂದರೆ ಶೇಂಗಾ. ಅದು ಎಣ್ಣೆಕಾಳಿನ ಲೆಕ್ಕಕ್ಕೆ ಸೇರುತ್ತದೆಯೇ ಹೊರತು ಬೇಳೆಕಾಳಿನ ಲೆಕ್ಕಕ್ಕಲ್ಲ.

ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆಯವರು 'ಒಣ ಬೀನ್ಸ್' ಎಂಬ ತಲೆಬರಹದಡಿ ದೇಶದೇಶಗಳ ಲೆಕ್ಕ ಇಡುತ್ತಾರೆ. ನಮ್ಮ ಹೆಸರು, ಉದ್ದು ಇವೂ ಆ ಲೆಕ್ಕದಲ್ಲೇ ಬರುತ್ತವೆ. ಆದ್ದರಿಂದ ಪತ್ರಿಕೆಗಳಲ್ಲಿ ಬೀನ್ಸ್ ಎಂದು ಕಂಡರೆ ಅದು ಪಟ್ಟಣದವರ ತರಕಾರಿಯ ಸಂಗತಿ ಎಂದು ಪುಟ ಮಗುಚಬಾರದು. ಬೇಳೆಕಾಳುಗಳನ್ನೆಲ್ಲ ಒಟ್ಟು ಸೇರಿಸಿದರೆ ಅತಿ ಹೆಚ್ಚು ಬೆಳೆಯುವ ದೇಶ ನಮ್ಮದು, ಅತಿ ಹೆಚ್ಚು ತಿನ್ನುವ ದೇಶವೂ ನಮ್ಮದು. ಬೆಳೆದದ್ದು ಸಾಲದೆ ಪರದೇಶಗಳಿಂದ ಅತಿ ಹೆಚ್ಚು ತರಿಸಿಕೊಳ್ಳುವವರೂ ನಾವೇ.

ದೇಶದ ಲೆಕ್ಕ ಏನು ಹೇಳುತ್ತದೆ?

1950-51ರಲ್ಲಿ ದೇಶದ ಬೇಳೆಕಾಳಿನ ಫಸಲು 84 ಲಕ್ಷ ಟನ್. 1960-61ರಲ್ಲಿ ಅದು 127 ಲಕ್ಷ ಟನ್ನಿಗೆ ಏರಿತು. ಅಲ್ಲಿಂದ ಮುಂದೆ ನಲವತ್ತು ವರ್ಷ ನಿಂತಲ್ಲೇ ನಿಂತಂತೆ ಆಯಿತು. 1970-71ರಲ್ಲಿ 118 ಲಕ್ಷ, 1980-81ರಲ್ಲಿ 106 ಲಕ್ಷ, 1990-91ರಲ್ಲಿ 143 ಲಕ್ಷ, 2000-01ರಲ್ಲಿ ಮತ್ತೆ 111 ಲಕ್ಷ ಟನ್. 1951ರಲ್ಲಿ 36 ಕೋಟಿಯಿದ್ದ ಜನ 2001ರಲ್ಲಿ 102 ಕೋಟಿ ಆಗಿದ್ದರು. ಉಣ್ಣುವ ಬಾಯಿ ಮೂರರಷ್ಟಾಗುತ್ತ ಬಂದಾಗ ಕಾಳು ಇದ್ದಷ್ಟೇ ಇದ್ದರೆ ತಲೆಪಾಲು ಇಳಿಯದೆ ಇನ್ನೇನಾದೀತು?

ಇಳುವರಿಯ ಕಥೆಯೂ ಇಂಥದೇ. 1950-51ರಲ್ಲಿ ಹೆಕ್ಟೇರಿಗೆ 441 ಕಿಲೋ, ಅಂದರೆ ಎಕರೆಗೆ ಒಂದೂಮುಕ್ಕಾಲು ಕ್ವಿಂಟಾಲು ಬರುತ್ತಿತ್ತು. 2000-01ರಲ್ಲಿ ಹೆಕ್ಟೇರಿಗೆ 544 ಕಿಲೋ. ಐವತ್ತು ವರ್ಷಕ್ಕೆ ಎಕರೆಗೆ ಅರ್ಧ ಕ್ವಿಂಟಾಲು ಕೂಡ ಹೆಚ್ಚಲಿಲ್ಲ. ಇತ್ತ ಗೋಧಿಯನ್ನು ನೋಡಿ: 1950-51ರಲ್ಲಿ ಹೆಕ್ಟೇರಿಗೆ 663 ಕಿಲೋ ಇದ್ದದ್ದು ಈಗ ಐದು ಪಟ್ಟಿಗೂ ಮಿಕ್ಕಿದೆ. ಭತ್ತವೂ ನಾಲ್ಕು ಪಟ್ಟು ಆಗಿದೆ.

ಏರಿಕೆ ಕಂಡದ್ದು ಇತ್ತೀಚೆಗೆ. 2010-11ರಲ್ಲಿ 182 ಲಕ್ಷ ಟನ್, 2016-17ರಲ್ಲಿ 231 ಲಕ್ಷ ಟನ್, 2021-22ರಲ್ಲಿ 273 ಲಕ್ಷ ಟನ್ ಬೆಳೆಯಿತು. ಆ ವರ್ಷದ ಇಳುವರಿ ಎಕರೆಗೆ ಸುಮಾರು ಮೂರೂವರೆ ಕ್ವಿಂಟಾಲು. ಆದರೆ 2023-24ರಲ್ಲಿ ಫಸಲು 242 ಲಕ್ಷ ಟನ್ನಿಗೆ ಇಳಿಯಿತು. 2024-25ರಲ್ಲಿ ಪರದೇಶದಿಂದ 70 ಲಕ್ಷ ಟನ್ನಿಗೂ ಹೆಚ್ಚು ಬೇಳೆಕಾಳು ಬಂದಿತು. ಬರ್ಮಾದಿಂದ ಉದ್ದು, ತೊಗರಿ, ಆಫ್ರಿಕದ ಮೊಜಾಂಬಿಕ್, ಟಾಂಜಾನಿಯಾಗಳಿಂದ ತೊಗರಿ, ಕೆನಡಾ, ರಷ್ಯಾಗಳಿಂದ ಬಟಾಣಿ, ಆಸ್ಟ್ರೇಲಿಯದಿಂದ ಕಡಲೆ. ನಮ್ಮ ಇಡ್ಲಿಯ ಉದ್ದು ಸಮುದ್ರ ದಾಟಿ ಬರುತ್ತಿದೆ ಎಂದರೆ ಉತ್ಪ್ರೇಕ್ಷೆಯಲ್ಲ.

ಇಳಿದದ್ದೇಕೆ?

ಕಾರಣಗಳು ಮುಖ್ಯವಾಗಿ ಮೂರು. ಮೊದಲನೆಯದು ನೀರು. 1965ರ ನಂತರ ಗೋಧಿ ಭತ್ತಗಳ ಹೊಸ ತಳಿಗಳು ಬಂದವು. ಪಂಜಾಬು, ಹರಿಯಾಣಗಳ ಹೊಲಗಳಿಗೆ ಕಾಲುವೆಯೂ ಕೊಳವೆ ಬಾವಿಯೂ ಬಂದಾಗ ಕಡಲೆ ಬೆಳೆಯುತ್ತಿದ್ದ ಭೂಮಿಯೆಲ್ಲ ಗೋಧಿಗೆ ತಿರುಗಿತು. ಕಾಳುಗಳು ಮಳೆ ನಂಬಿದ ಬಡ ಭೂಮಿಗೆ ಸರಿದವು. ಎರಡನೆಯದು ಧಾರಣೆ. 1965ರಲ್ಲಿ ಆಹಾರ ನಿಗಮ ಸ್ಥಾಪನೆಯಾದ ಮೇಲೆ ಗೋಧಿ ಭತ್ತಗಳನ್ನು ಸರ್ಕಾರ ಕೊಳ್ಳುವುದೆಂಬ ಭರವಸೆ ಇತ್ತು. ಕಾಳಿಗೆ ಅಂಥ ಭರವಸೆ ಬಹುಕಾಲ ಇರಲಿಲ್ಲ. ಮೂರನೆಯದು ರೋಗ ಮತ್ತು ಹುಳು. ಕಾಳಿನ ಗಿಡದಲ್ಲಿ ಸತ್ವ ಹೆಚ್ಚು; ಆದ್ದರಿಂದ ಹುಳುವಿಗೂ ಅದೇ ಇಷ್ಟ.

ಏರಿದ್ದರ ಗುಟ್ಟೂ ಇದರಲ್ಲೇ ಇದೆ. ತೊಗರಿ ಗಿಡ ನಿಂತಲ್ಲೇ ಒಣಗುವ ಸೊರಗು ರೋಗವನ್ನು ತಡೆಯುವ 'ಮಾರುತಿ' ಎಂಬ ತಳಿ 1986ರಲ್ಲಿ ಕರ್ನಾಟಕದಲ್ಲಿ ಬಿಡುಗಡೆಯಾಯಿತು. ಕಲಬುರಗಿ ಸೀಮೆಯ ತೊಗರಿ ಬೇಸಾಯಕ್ಕೆ ಅದು ದೊಡ್ಡ ಆಸರೆಯಾಯಿತು. ನೂರು ದಿನದ ಆಸುಪಾಸಿನಲ್ಲಿ ಬರುವ ಕಡಲೆ ತಳಿಗಳು ಬಂದಾಗ ಆಂಧ್ರ, ಕರ್ನಾಟಕಗಳ ಎರೆ ಭೂಮಿಯಲ್ಲಿ ಕಡಲೆ ಹಬ್ಬಿತು. ಚಳಿನಾಡಿನ ಬೆಳೆ ಎನ್ನಿಸಿಕೊಂಡಿದ್ದ ಕಡಲೆ ಹೀಗೆ ದಕ್ಷಿಣಕ್ಕೆ ಇಳಿದು ಬಂದದ್ದು ನಮ್ಮ ಓದುಗರಿಗೆ ವಿಶೇಷವಾಗಿ ಗಮನಾರ್ಹ. ಏಕೆಂದರೆ ಉಡುಮಲಪೇಟೆ, ಗುಡಿಮಂಗಲಂ ಕಡೆಯ ಎರೆ ಭೂಮಿಯೂ ಅಂಥದೇ.

ನಮ್ಮ ಸೀಮೆಯ ಸ್ಥಿತಿ

ಕೊಯಮತ್ತೂರು ಸೀಮೆ ಪಶ್ಚಿಮ ಘಟ್ಟದ ಮಳೆನೆರಳಿನ ನಾಡು. ಘಟ್ಟದ ಆಚೆ ಕೇರಳದಲ್ಲಿ ಮುಂಗಾರು ಸುರಿದರೆ ಈಚೆ ಪಾಲಕ್ಕಾಡು ಕಣಿವೆಯಿಂದ ಗಾಳಿ ಮಾತ್ರ ಬರುತ್ತದೆ. ಹೊಲ ತೋಯುವುದು ಹೆಚ್ಚಾಗಿ ಹಿಂಗಾರಿನಲ್ಲೇ. 2009ರಲ್ಲಿ ತಿರುಪ್ಪೂರು ಬೇರೆ ಜಿಲ್ಲೆಯಾಯಿತು. ಅವಿನಾಶಿ, ಪಲ್ಲಡಂ, ಉಡುಮಲಪೇಟೆ, ಧಾರಾಪುರಂ, ಕಾಂಗೇಯಂ ಮುಂತಾದ ತಾಲ್ಲೂಕುಗಳು ಅದಕ್ಕೆ ಸೇರಿದವು. ಪಲ್ಲಡಂ, ಉಡುಮಲಪೇಟೆ, ಸೂಲೂರು ಕಡೆ ಎರೆ ಭೂಮಿ ಉಂಟು. ಅವಿನಾಶಿ, ಕಾಂಗೇಯಂ ಕಡೆ ಕೆಮ್ಮಣ್ಣು, ಗರಸು ಭೂಮಿ ಹೆಚ್ಚು.

ಹಿಂದೆ ಈ ಹೊಲಗಳಲ್ಲಿ ಜೋಳವೂ ಹತ್ತಿಯೂ ಮುಖ್ಯ ಬೆಳೆ. ಜೋಳದ ಸಾಲಿನ ನಡುವೆ ಅಕ್ಕಡಿಯಾಗಿ ಅವರೆ, ಅಲಸಂದೆ, ಹೆಸರು, ತೊಗರಿ. ಗರಸು ಭೂಮಿಗೆ ಹುರುಳಿ. ಕಾಳು ಮನೆಗೆ, ಹೊಟ್ಟು ದನಕ್ಕೆ, ಬೇರು ಭೂಮಿಗೆ. ಕಾಂಗೇಯಂ ಎತ್ತಿನ ಮೈಕಟ್ಟಿಗೆ ಹುರುಳಿಯ ಕಾಳೂ ಹೊಟ್ಟೂ ಒದಗಿದ್ದನ್ನು ಹಿರಿಯರು ಬಲ್ಲರು. ಒಂದು ಬೆಳೆ ಕೈಕೊಟ್ಟರೂ ಇನ್ನೊಂದು ಕೈ ಹಿಡಿಯುತ್ತಿತ್ತು.

ಕಾಲ ಬದಲಾಯಿತು. ಪರಂಬಿಕುಳಂ–ಆಳಿಯಾರು ಕಾಲುವೆಯೂ ಕೊಳವೆ ಬಾವಿಯೂ ಬಂದ ಕಡೆ ತೆಂಗು ಹಬ್ಬಿತು. ಪಲ್ಲಡಂ ಸುತ್ತಿನಲ್ಲಿ ಕೋಳಿ ಸಾಕಣೆ ಬೆಳೆದು ಮೆಕ್ಕೆಜೋಳಕ್ಕೆ ಗಿರಾಕಿ ಹೆಚ್ಚಿತು. ತಿರುಪ್ಪೂರಿನ ಬನಿಯನ್ ಕಾರ್ಖಾನೆಗಳು ಊರೂರಿನ ಆಳುಗಳನ್ನು ಬಸ್ಸಿನಲ್ಲಿ ಕರೆದೊಯ್ದವು. ಅಲಸಂದೆ, ಹೆಸರುಗಳನ್ನು ಎರಡು ಮೂರು ಸಲ ಬಿಡಿಸಬೇಕು. ಬಿಡಿಸುವ ಕೈಗಳೇ ಇಲ್ಲವಾದವು. ಎತ್ತು ಹೋಗಿ ಟ್ರ್ಯಾಕ್ಟರು ಬಂದಾಗ ಅಕ್ಕಡಿ ಸಾಲು ಅಡ್ಡಿಯೆನ್ನಿಸಿತು. ಇದರಲ್ಲಿ ರೈತನ ಅಪರಾಧವೇನೂ ಇಲ್ಲ. ಸಾಲ ತೀರಿಸಬೇಕಾದವನು ಹಣ ಬರುವ ಕಡೆಗೆ ತಿರುಗುವುದು ಸಹಜ. ಆದರೆ ಕೊನೆಯಲ್ಲಿ ಏನಾಯಿತೆಂದರೆ, ಕಾಳು ಬೆಳೆಯುತ್ತಿದ್ದ ಮನೆಯವರೇ ಅಂಗಡಿಯಲ್ಲಿ ಕಾಳು ಕೊಳ್ಳುವವರಾದರು.

ಧಾರಣೆ ಕಲಿಸಿದ ಪಾಠ

2014-15 ಮತ್ತು 2015-16ರಲ್ಲಿ ದೇಶದಲ್ಲಿ ಮಳೆ ಕಡಮೆಯಾಯಿತು. 2015-16ರಲ್ಲಿ ತೊಗರಿ ಫಸಲು ಸುಮಾರು 26 ಲಕ್ಷ ಟನ್ ಮಾತ್ರ. 2015ರ ಅಕ್ಟೋಬರಿನಲ್ಲಿ ಪಟ್ಟಣಗಳಲ್ಲಿ ತೊಗರಿಬೇಳೆ ಕಿಲೋಗೆ 200 ರೂಪಾಯಿ ಆಯಿತು. ಆ ಧಾರಣೆ ನೋಡಿ ದೇಶದ ತುಂಬ ಜನ ತೊಗರಿ ಬಿತ್ತಿದರು. ಮಳೆಯೂ ಚೆನ್ನಾಯಿತು. 2016-17ರಲ್ಲಿ ತೊಗರಿ ಸುಮಾರು 49 ಲಕ್ಷ ಟನ್ ಬಂತು. ಅದೇ ವರ್ಷ ಪರದೇಶದಿಂದಲೂ ಒಟ್ಟು 66 ಲಕ್ಷ ಟನ್ ಬೇಳೆಕಾಳು ಬಂದಿಳಿಯಿತು. ಸರ್ಕಾರ ಗೊತ್ತುಮಾಡಿದ್ದ ಬೆಂಬಲ ಬೆಲೆ ಕ್ವಿಂಟಾಲಿಗೆ 5,050 ರೂಪಾಯಿ. ಅನೇಕ ಮಾರುಕಟ್ಟೆಗಳಲ್ಲಿ ರೈತನ ಕೈಗೆ ಅಷ್ಟು ಕೂಡ ಬರಲಿಲ್ಲ. 2016ನೆಯ ವರ್ಷವನ್ನು ವಿಶ್ವಸಂಸ್ಥೆಯವರು ಬೇಳೆಕಾಳುಗಳ ವರ್ಷವೆಂದು ಆಚರಿಸಿದ್ದರು. ಅದೇ ವರ್ಷದ ಬೆಳೆ ರೈತನಿಗೆ ನಷ್ಟ ತಂದದ್ದು ವಿಪರ್ಯಾಸ.

ಇದರಿಂದ ತಿಳಿಯಬೇಕಾದ್ದು ಇಷ್ಟು: ಹೋದ ವರ್ಷದ ಧಾರಣೆ ನೋಡಿ ಇಡೀ ಹೊಲಕ್ಕೆ ಒಂದೇ ಕಾಳು ಬಿತ್ತುವುದು ಜೂಜಾಟ. ಧಾರಣೆ ಏರಿದಾಗ ಬಿತ್ತಿ, ಇಳಿದಾಗ ಬಿಡುವವನಿಗೆ ಎರಡೂ ಕಡೆ ನಷ್ಟ. ಪ್ರತಿ ವರ್ಷವೂ ಸ್ವಲ್ಪ ಸ್ವಲ್ಪ, ಎರಡು ಮೂರು ಬಗೆಯ ಕಾಳು ಬೆಳೆಯುವವನಿಗೆ ಮನೆಯ ಖರ್ಚು ಕಳೆಯುತ್ತದೆ. ಧಾರಣೆ ಬಂದ ವರ್ಷ ಲಾಭವೂ ಸಿಗುತ್ತದೆ.

ಯಾವ ಹೊಲಕ್ಕೆ ಯಾವ ಕಾಳು?

ಎರೆ ಭೂಮಿಗೆ ಕಡಲೆ ಒಪ್ಪುತ್ತದೆ. ಸ್ವಾತಿ ಮಳೆ ಹದ ಕೊಟ್ಟ ಮೇಲೆ, ಅಂದರೆ ಅಕ್ಟೋಬರ್ ಕೊನೆಯಿಂದ ನವೆಂಬರ್ ನಡುಭಾಗದೊಳಗೆ ಬಿತ್ತಬೇಕು. ಆಮೇಲೆ ಮಳೆ ಬಾರದಿದ್ದರೂ ಮಣ್ಣಿನ ತೇವ ಮತ್ತು ಮಂಜಿನಲ್ಲೇ ಬೆಳೆ ಏಳುತ್ತದೆ. ಕಾಳಿನ ಗಾತ್ರದ ಮೇಲೆ ಎಕರೆಗೆ 30ರಿಂದ 36 ಕಿಲೋ ಬೀಜ ಬೇಕು. ತಿಂಗಳಾದ ಮೇಲೆ ಕುಡಿ ಚಿವುಟಿದರೆ ಕವಲು ಹೆಚ್ಚುತ್ತದೆ. ಚಿವುಟಿದ ಕುಡಿ ಸೊಪ್ಪಿನ ಸಾರಿಗೂ ಆಗುತ್ತದೆ.

ಗರಸು, ಕೆಮ್ಮಣ್ಣಿಗೆ ಹುರುಳಿಗಿಂತ ನಂಬಿಕೆಯ ಬೆಳೆ ಬೇರಿಲ್ಲ. ಹಸ್ತ, ಚಿತ್ತೆ ಮಳೆಯಲ್ಲಿ ಎಕರೆಗೆ 8 ಕಿಲೋ ಬೀಜ ಹಾಕಿದರೆ ಸಾಕು. ಧರ್ಮಪುರಿ–ಕೃಷ್ಣಗಿರಿ ಸೀಮೆಯ ಪೈಯೂರು ಸಂಶೋಧನಾ ಕೇಂದ್ರದಿಂದ ಬಂದ ಪೈಯೂರು 1, ಪೈಯೂರು 2 ಎಂಬ ತಳಿಗಳು ಮಳೆ ಆಶ್ರಯದ ಭೂಮಿಗೆಂದೇ ಆಯ್ದವು. ಎಕರೆಗೆ ಎರಡರಿಂದ ಎರಡೂವರೆ ಕ್ವಿಂಟಾಲು ಬಂದರೂ ಖರ್ಚು ಅತ್ಯಲ್ಪವಾದ್ದರಿಂದ ನಷ್ಟವಿಲ್ಲ.

ನೀರು ಸ್ವಲ್ಪ ಸಿಗುವ ಕಡೆ ಹೆಸರು, ಉದ್ದು ಲೇಸು. ಅರುವತ್ತು ಎಪ್ಪತ್ತು ದಿನಕ್ಕೆ ಕೈಗೆ ಬರುತ್ತವೆ. ಪರಂಬಿಕುಳಂ–ಆಳಿಯಾರು ಅಚ್ಚುಕಟ್ಟನ್ನು ನಾಲ್ಕು ಮಂಡಲಗಳಾಗಿ ವಿಂಗಡಿಸಿ ತಿರುಮೂರ್ತಿ ಅಣೆಯಿಂದ ಸರದಿಯ ಮೇಲೆ ನೀರು ಬಿಡುತ್ತಾರಷ್ಟೆ. ಸರದಿ ಬಂದಾಗ ನೀರು ಕಡಮೆ ಕೇಳುವ ಈ ಬೆಳೆಗಳಿಗೆ ಒಂದು ಭಾಗವನ್ನು ಮೀಸಲಿಟ್ಟರೆ ಇದ್ದ ನೀರು ಹೆಚ್ಚು ಎಕರೆಗೆ ಆಗುತ್ತದೆ. ಕೊಯಮತ್ತೂರಿನ ಕೃಷಿ ವಿಶ್ವವಿದ್ಯಾಲಯದವರು 2013ರಲ್ಲಿ ಬಿಡುಗಡೆ ಮಾಡಿದ ಕೋ 8 ಎಂಬ ಹೆಸರು ತಳಿಯಲ್ಲಿ ಕಾಯಿಗಳು ಹೆಚ್ಚುಕಡಮೆ ಒಟ್ಟಿಗೇ ಮಾಗುತ್ತವೆ. ಹಲವು ಸಲ ಬಿಡಿಸುವ ಕೆಲಸವಿಲ್ಲ, ಗಿಡವನ್ನೇ ಕೊಯ್ಯಬಹುದು. ಆಳಿನ ಕೊರತೆಯ ನಮ್ಮ ಸೀಮೆಗೆ ಇದು ದೊಡ್ಡ ಅನುಕೂಲ.

ತೆಂಗಿನ ತೋಟದವರೂ ಕಾಳನ್ನು ಮರೆಯಬೇಕಾಗಿಲ್ಲ. ಸಸಿಗೆ ಏಳು ವರ್ಷ ತುಂಬುವವರೆಗೆ, ಮತ್ತು ಮರಕ್ಕೆ ಇಪ್ಪತ್ತು ವರ್ಷ ದಾಟಿದ ಮೇಲೆ ಕೆಳಗೆ ಬಿಸಿಲು ಬೀಳುತ್ತದೆ. ಆಗ ಸಾಲಿನ ನಡುವೆ ಅಲಸಂದೆ, ಉದ್ದು ಹಾಕಬಹುದು. ಶೇಂಗಾ ಹಾಕುವವರು ಆರು ಸಾಲಿಗೆ ಒಂದು ಸಾಲು ತೊಗರಿ ಇಡತಕ್ಕದ್ದು. ನಾಡ ಅವರೆ ಹಾಕುವವರು ಒಂದು ಸಂಗತಿ ತಿಳಿದಿರಬೇಕು: ಹಗಲು ಚಿಕ್ಕದಾದ ಮೇಲೆಯೇ ಅದು ಹೂ ಬಿಡುವುದು. ಬೇಗ ಬಿತ್ತಿದ ಮಾತ್ರಕ್ಕೆ ಬೇಗ ಕಾಯಿ ಬಾರದು.

ಬೀಜ, ಗೊಬ್ಬರ, ಹೂವಿನ ಕಾಲ

ಕಾಳು ಬೆಳೆಯಲ್ಲಿ ಇಳುವರಿ ಕೆಡುವುದು ಮೊದಲು ಗಿಡದ ಸಂಖ್ಯೆಯಲ್ಲಿ. ಹೆಸರು, ಉದ್ದುಗಳಿಗೆ ಸಾಲಿನಿಂದ ಸಾಲಿಗೆ ಒಂದು ಅಡಿ, ಗಿಡದಿಂದ ಗಿಡಕ್ಕೆ ನಾಲ್ಕು ಅಂಗುಲ ಇರಬೇಕು. ಹೀಗಿದ್ದರೆ ಎಕರೆಗೆ ಸುಮಾರು 1 ಲಕ್ಷ 30 ಸಾವಿರ ಗಿಡ ನಿಲ್ಲುತ್ತವೆ. ಚೆಲ್ಲಿ ಬಿತ್ತಿದರೆ ಒಂದು ಕಡೆ ಗುಂಪು, ಒಂದು ಕಡೆ ಬಯಲು. ಕೂರಿಗೆಯಲ್ಲಿ ಸಾಲಾಗಿ ಬಿತ್ತಿದರೆ ಎಡೆಕುಂಟೆ ಹೊಡೆಯಲೂ ಅನುಕೂಲ. ಬಿತ್ತಿದ ಮೊದಲ ಮೂವತ್ತು ದಿನ ಕಳೆ ಬೆಳೆಯಗೊಡಬಾರದು.

ಬೀಜೋಪಚಾರಕ್ಕೆ ಖರ್ಚು ಅತಿ ಕಡಮೆ, ಲಾಭ ಹೆಚ್ಚು. ಒಂದು ಕಿಲೋ ಬೀಜಕ್ಕೆ 4 ಗ್ರಾಂ ಟ್ರೈಕೊಡರ್ಮ ಪುಡಿ ಸವರಿದರೆ ಬೇರುಕೊಳೆ, ಸೊರಗು ತಗ್ಗುತ್ತವೆ. ಆಮೇಲೆ ತಣ್ಣನೆಯ ಅನ್ನದ ಗಂಜಿಯಲ್ಲಿ ರೈಜೋಬಿಯಂ ಗೊಬ್ಬರದ ಒಂದು ಪೊಟ್ಟಣ ಕಲಸಿ ಒಂದು ಎಕರೆಯ ಬೀಜಕ್ಕೆ ಸವರಿ, ನೆರಳಿನಲ್ಲಿ ಅರ್ಧ ಗಂಟೆ ಆರಿಸಿ ಬಿತ್ತಬೇಕು. ಬಿಸಿಲಿಗೆ ಹಾಕಿದರೆ ಆ ಸೂಕ್ಷ್ಮಜೀವಿಗಳು ಸಾಯುತ್ತವೆ. ಇವು ಬೇರಿನಲ್ಲಿ ಗಂಟು ಕಟ್ಟಿ ಗಾಳಿಯ ಸಾರಜನಕವನ್ನು ಗಿಡಕ್ಕೆ ಒದಗಿಸುತ್ತವೆ. ತಿಂಗಳ ಗಿಡವೊಂದನ್ನು ಮಣ್ಣು ಸಮೇತ ಮೆಲ್ಲಗೆ ಕಿತ್ತು ಗಂಟನ್ನು ಸೀಳಿ ನೋಡಿ: ಒಳಗೆ ನಸುಗೆಂಪಿದ್ದರೆ ಕೆಲಸ ನಡೆಯುತ್ತಿದೆ, ಬಿಳಿಚಿಕೊಂಡಿದ್ದರೆ ಅಥವಾ ಹಸಿರಿದ್ದರೆ ಕೆಲಸ ನಡೆಯುತ್ತಿಲ್ಲ. ಈ ಪರೀಕ್ಷೆಗೆ ಕಾಸಿನ ಖರ್ಚಿಲ್ಲ.

ಹೀಗಿರುವುದರಿಂದ ಕಾಳಿಗೆ ಯೂರಿಯಾ ಹೆಚ್ಚು ಬೇಡ, ರಂಜಕ ಬೇಕು. ಮಳೆ ಆಶ್ರಯದಲ್ಲಿ ಎಕರೆಗೆ 22 ಕಿಲೋ ಡಿ.ಎ.ಪಿ. ಬಿತ್ತುವಾಗಲೇ ಕೊಟ್ಟರೆ ಸಾರಜನಕವೂ ರಂಜಕವೂ ಬೇಕಾದಷ್ಟು ಸಿಗುತ್ತವೆ.

ಹೂ ಬಿಟ್ಟಾಗಿನ ಕೆಲಸ ಇನ್ನೂ ಮುಖ್ಯ. ಕಾಳಿನ ಗಿಡ ಬಿಟ್ಟ ಹೂವಿನಲ್ಲಿ ಬಹುಪಾಲು ಉದುರಿಹೋಗುತ್ತದೆ. ಇದನ್ನು ತಡೆಯಲು 4 ಕಿಲೋ ಡಿ.ಎ.ಪಿ.ಯನ್ನು 20 ಲೀಟರ್ ನೀರಿನಲ್ಲಿ ರಾತ್ರಿಯೆಲ್ಲ ನೆನೆಹಾಕಿ, ಮಾರನೆಯ ದಿನ ತಿಳಿಯನ್ನು ಬಟ್ಟೆಯಲ್ಲಿ ಸೋಸಿ, ಒಟ್ಟು 200 ಲೀಟರ್ ಮಾಡಿ ಎಕರೆಗೆ ಸಂಜೆಯ ಹೊತ್ತು ಸಿಂಪಡಿಸಬೇಕು. ಹೂ ತೊಡಗಿದಾಗ ಒಮ್ಮೆ, ಹದಿನೈದು ದಿನ ಬಿಟ್ಟು ಇನ್ನೊಮ್ಮೆ. ಇದಕ್ಕೆ ಬದಲಾಗಿ ಕೊಯಮತ್ತೂರು ವಿಶ್ವವಿದ್ಯಾಲಯದವರು 'ಪಲ್ಸ್ ವಂಡರ್' ಎಂಬ ಪುಡಿಯನ್ನು ಸಿದ್ಧಪಡಿಸಿದ್ದಾರೆ. ಎಕರೆಗೆ 2 ಕಿಲೋ, 200 ಲೀಟರ್ ನೀರಿನಲ್ಲಿ, ಹೂ ತುಂಬಿದಾಗ ಒಮ್ಮೆ. ಮದರಾಸಿನ ಸೈದಾಪೇಟೆಯಿಂದ 1906ರಲ್ಲಿ ಕೊಯಮತ್ತೂರಿಗೆ ಬಂದ ಕೃಷಿ ಕಾಲೇಜು 1971ರಲ್ಲಿ ವಿಶ್ವವಿದ್ಯಾಲಯವಾಯಿತು. ಇಂಥ ಸಂಸ್ಥೆ ನಮ್ಮ ಬಾಗಿಲಲ್ಲೇ ಇರುವಾಗ ಅದರ ಉಪಯೋಗ ಪಡೆಯದಿರುವುದು ಬಾವಿಯ ಪಕ್ಕದಲ್ಲಿ ಬಾಯಾರಿದಂತೆ.

ರೋಗವೂ ಹುಳುವೂ

ಹೆಸರು, ಉದ್ದುಗಳಿಗೆ ಹಳದಿ ನಂಜು ರೋಗ ದೊಡ್ಡ ಶತ್ರು. ಎಲೆಯ ಮೇಲೆ ಹಳದಿ ಮಚ್ಚೆ ಕಂಡು ಕೊನೆಗೆ ಎಲೆಯೆಲ್ಲ ಹಳದಿಯಾಗುತ್ತದೆ. ಇದನ್ನು ಹರಡುವುದು ಬಿಳಿನೊಣ. ರೋಗ ಬಂದ ಗಿಡಕ್ಕೆ ಮದ್ದಿಲ್ಲ. ಕಂಡ ಕೂಡಲೇ ಕಿತ್ತು ಹೂಳಬೇಕು. ಹೊಲದ ಸುತ್ತ ಎರಡು ಸಾಲು ಜೋಳ ಹಾಕಿದರೆ ನೊಣಕ್ಕೆ ತಡೆಯಾಗುತ್ತದೆ. ರೋಗ ತಡೆಯುವ ಬೀಜವನ್ನೇ ಆರಿಸುವುದು ಎಲ್ಲಕ್ಕಿಂತ ಲೇಸು. ಪುದುಕ್ಕೋಟ್ಟೈ ಜಿಲ್ಲೆಯ ವಂಬನ್ ಸಂಶೋಧನಾ ಕೇಂದ್ರದ ವಂಬನ್ 8 ಎಂಬ ಉದ್ದು ಈ ಬಗೆಯದು.

ಕಡಲೆ, ತೊಗರಿ, ಅವರೆಗಳಿಗೆ ಕಾಯಿಕೊರಕ ಹುಳು. ಎಕರೆಗೆ ಐದು ಮೋಹಕ ಬಲೆಗಳನ್ನಿಟ್ಟರೆ ಪತಂಗ ಬಂದದ್ದು ಮುಂಚೆಯೇ ಗೊತ್ತಾಗುತ್ತದೆ. ಹಕ್ಕಿ ಕೂರಲು ಅಲ್ಲಲ್ಲಿ ಕವಲುಕೋಲು ನೆಟ್ಟರೆ ಹುಳು ಹೆಕ್ಕುವ ಕೂಲಿಯಾಳು ಬಿಟ್ಟಿಯಾಗಿ ಬರುತ್ತಾನೆ. ಹುಳು ಕಾಣುವ ಮುಂಚೆಯೇ ಔಷಧಿ ಹೊಡೆಯುವುದು ಹಣಕ್ಕೂ ಜೇನಿಗೂ ಕೇಡು.

ಒಕ್ಕಿದ ಮೇಲೆ ಕಾಯುವುದು

ಹೊಲದಲ್ಲಿ ಗೆದ್ದವನು ಮನೆಯಲ್ಲಿ ಸೋಲುವುದು ಕಾಳಿನಲ್ಲೇ. ಕಾಳು ತೂತು ಮಾಡುವ ಕುಟ್ಟೆ ಹುಳು ಮನೆಯಲ್ಲಿ ಹುಟ್ಟುವುದಲ್ಲ. ಹೊಲದಲ್ಲಿ ಮಾಗಿದ ಕಾಯಿಯ ಮೇಲೆಯೇ ತತ್ತಿ ಇಟ್ಟು ಮೂಟೆಯೊಡನೆ ಬರುತ್ತದೆ. ತತ್ತಿಯಿಂದ ಹೊರಟ ಮರಿ ಕಾಳಿನೊಳಗೆ ಹೊಕ್ಕು ತಿಂದು, ಸುಮಾರು ತಿಂಗಳಲ್ಲಿ ಗುಂಡು ತೂತು ಮಾಡಿ ದುಂಬಿಯಾಗಿ ಹೊರಬರುತ್ತದೆ. ಒಂದು ಹೆಣ್ಣು ನೂರರ ಸುಮಾರಿಗೆ ತತ್ತಿ ಇಡಬಲ್ಲದು. ನಾಲ್ಕು ತಿಂಗಳು ಹಾಗೇ ಬಿಟ್ಟರೆ ಮೂಟೆಯಲ್ಲಿ ಹೊಟ್ಟೇ ಗತಿ.

ಆದಕಾರಣ ಒಕ್ಕಿದ ಕೂಡಲೇ, ಹಲ್ಲಲ್ಲಿ ಕಚ್ಚಿದರೆ ಕಟುಕ್ಕೆಂದು ಒಡೆಯುವವರೆಗೆ ಕಾಳನ್ನು ಬಿಸಿಲಿಗೆ ಒಣಗಿಸಿ, ಬಿಸಿ ಆರಿದ ಮೇಲೆ ತುಂಬಬೇಕು. ಹಳೆಯ ಚೀಲವನ್ನು ಕುದಿನೀರಿನಲ್ಲಿ ಅದ್ದಿ ಒಣಗಿಸದೆ ಬಳಸಬಾರದು. ತಿನ್ನುವ ಕಾಳಿಗೆ ಕಿಲೋಗೆ 5 ಮಿಲಿಲೀಟರಿನಂತೆ ಹರಳೆಣ್ಣೆ ಸವರುವುದು, ತೊಗರಿಗೆ ಕೆಮ್ಮಣ್ಣು ಕಟ್ಟಿ ಒಣಗಿಸುವುದು, ಡಬ್ಬಿಯ ಬಾಯಲ್ಲಿ ಮೂರು ಅಂಗುಲ ಒಣ ಮರಳು ಹರಡುವುದು: ನಮ್ಮ ಅಜ್ಜಿಯರು ಮಾಡುತ್ತಿದ್ದ ಈ ಉಪಾಯಗಳೆಲ್ಲ ಸರಿಯೆಂದು ಸಂಶೋಧನೆಯೂ ಒಪ್ಪಿದೆ. ತೊಗರಿ, ಉದ್ದುಗಳನ್ನು ಬೇಳೆ ಮಾಡಿಟ್ಟರೆ ಹುಳುವಿನ ಬಾಧೆ ಬಹಳ ಕಡಮೆ. ಮುಂದಿನ ವರ್ಷದ ಬೀಜವನ್ನು ಮಾತ್ರ ಬೇರೆಯೇ ತೆಗೆದಿಡಬೇಕು. ಉಳಿದದ್ದರಲ್ಲಿ ಆರಿಸಿದರಾಯಿತು ಎನ್ನಬಾರದು.

ಮಾರುವಾಗ

2025-26ರ ಮುಂಗಾರು ಫಸಲಿಗೆ ಕೇಂದ್ರ ಸರ್ಕಾರ ಗೊತ್ತುಮಾಡಿದ ಬೆಂಬಲ ಬೆಲೆ ಕ್ವಿಂಟಾಲಿಗೆ ತೊಗರಿಗೆ 8,000, ಉದ್ದಿಗೆ 7,800, ಹೆಸರಿಗೆ 8,768 ರೂಪಾಯಿ. 2025ರ ಅಕ್ಟೋಬರಿನಲ್ಲಿ ಬೇಳೆಕಾಳು ಸ್ವಾವಲಂಬನೆಯ ಆರು ವರ್ಷದ ಯೋಜನೆಗೆ 11,440 ಕೋಟಿ ರೂಪಾಯಿ ಮಂಜೂರಾಗಿದೆ. 2030-31ಕ್ಕೆ 350 ಲಕ್ಷ ಟನ್ ಬೆಳೆಯುವುದು ಗುರಿ. ಮುಂಚಿತವಾಗಿ ಹೆಸರು ನೋಂದಾಯಿಸಿದ ರೈತರಿಂದ ತೊಗರಿ, ಉದ್ದು, ಮಸೂರುಗಳನ್ನು ನಾಲ್ಕು ವರ್ಷ ಪೂರ್ತಿಯಾಗಿ ಕೊಳ್ಳುವುದಾಗಿ ಹೇಳಿದ್ದಾರೆ. ಆದ್ದರಿಂದ ಚಿಟ್ಟಾ, ಅಡಂಗಲ್, ಬ್ಯಾಂಕಿನ ಪುಸ್ತಕ ಇವುಗಳನ್ನು ಸಿದ್ಧವಾಗಿಟ್ಟುಕೊಂಡು, ಹತ್ತಿರದ ನಿಯಂತ್ರಿತ ಮಾರುಕಟ್ಟೆಯಲ್ಲಿ ಕೊಯ್ಲಿಗೆ ಮುಂಚೆಯೇ ವಿಚಾರಿಸುವುದು ಅವಶ್ಯಕ. ಕಾಳು ಮಣ್ಣು, ಕಸ, ತೇವವಿಲ್ಲದೆ ಇರಬೇಕು. ಇಲ್ಲವಾದರೆ ಬೆಂಬಲ ಬೆಲೆ ಕಾಗದದ ಮೇಲೇ ಉಳಿಯುತ್ತದೆ.

ಗಮನಿಸತಕ್ಕ ಸಂಗತಿ ಇನ್ನೊಂದಿದೆ. ನಮ್ಮ ಹುರುಳಿ, ಅಲಸಂದೆ, ಅವರೆಗಳಿಗೆ ಈ ಬೆಂಬಲ ಬೆಲೆಯೇ ಇಲ್ಲ. ಬಡಭೂಮಿಯ ಕಾಳುಗಳೇ ಸರ್ಕಾರದ ಪಟ್ಟಿಯಿಂದ ಹೊರಗೆ ಉಳಿದಿವೆ. ಇವುಗಳಿಗೂ ಬೆಲೆ ಗೊತ್ತುಮಾಡಬೇಕೆಂದು ರೈತ ಸಂಘಗಳು ಒಟ್ಟಾಗಿ ಕೇಳುವುದು ನ್ಯಾಯವೇ. ಅದುವರೆಗೆ ನಾಲ್ಕಾರು ಮನೆಯವರು ಸೇರಿ, ಒಂದೇ ತಳಿ ಬೆಳೆದು, ಒಂದೇ ಹದಕ್ಕೆ ಒಣಗಿಸಿ, ಒಟ್ಟಿಗೇ ಮಾರುವುದು ಒಳ್ಳೆಯದು. ಮೂಟೆ ಒಂದಿದ್ದರೆ ವ್ಯಾಪಾರಿ ಹೇಳಿದ ಬೆಲೆ. ನೂರಿದ್ದರೆ ವ್ಯಾಪಾರಿಯೇ ಮನೆ ಬಾಗಿಲಿಗೆ ಬರುತ್ತಾನೆ.

ನಮ್ಮ ಸೂಚನೆ

ಎಲ್ಲರೂ ತೆಂಗು ಕಡಿದು ಹುರುಳಿ ಬಿತ್ತಿರೆಂದು ನಾವು ಹೇಳುವುದಿಲ್ಲ. ಹಣದ ಬೆಳೆ ಇರಲಿ. ಆದರೆ ಮೊದಲು ಹೇಳಿದ ಲೆಕ್ಕವನ್ನು ಇನ್ನೊಮ್ಮೆ ನೋಡಿ: ಐವರ ಸಂಸಾರಕ್ಕೆ ವರ್ಷಕ್ಕೆ ಬೇಕಾದ್ದು 110 ಕಿಲೋ ಕಾಳು. ಮಳೆ ನಂಬಿದ ಒಂದು ಎಕರೆ ಹುರುಳಿ ಹೊಲ ಕೊಡುವುದು 200ರಿಂದ 250 ಕಿಲೋ. ಎಂದರೆ ಐವತ್ತು ಅರುವತ್ತು ಸೆಂಟು ಭೂಮಿಯಲ್ಲಿ ಒಂದು ಮನೆಯ ಇಡೀ ವರ್ಷದ ಕಾಳಿದೆ. ಅದನ್ನೇ ಮೂರು ಭಾಗ ಮಾಡಿ ಹುರುಳಿ, ಅಲಸಂದೆ, ತೊಗರಿ ಹಾಕಿದರೆ ಸಾರಿಗೂ ಪಲ್ಯಕ್ಕೂ ತೊವ್ವೆಗೂ ಆಯಿತು, ಹೊಟ್ಟು ದನಕ್ಕಾಯಿತು, ಮುಂದಿನ ಜೋಳಕ್ಕೆ ಭೂಮಿಯಲ್ಲಿ ಸಾರವೂ ಉಳಿಯಿತು. ಬರುವ ಹಸ್ತ ಮಳೆಗೆ ಮುಂಚೆ ಪ್ರತಿ ಮನೆಯವರೂ ಇಷ್ಟು ಭೂಮಿಯನ್ನು ಗುರುತುಮಾಡಿ, ಬೀಜ ಕೂಡಿಸಿಟ್ಟುಕೊಳ್ಳಲಿ. ಅಂಗಡಿಯ ಧಾರಣೆ ಏರಿದರೂ ಇಳಿದರೂ ಮಕ್ಕಳ ತಟ್ಟೆಯ ಕಾಳು ಕಡಮೆಯಾಗದಿರಲಿ.